ಕೋಟಾ ರಾಮಸ್ವಾಮಿ: ಎರಡು ಆಟಗಳ ಬದುಕನ್ನು ಮಕ್ಕಳಿಗೆ ಹೇಗೆ ಹೇಳಬೇಕು?

ಪ್ರಶ್ನೆ: ದೈಹಿಕ ಶಿಕ್ಷಣ ಶಿಕ್ಷಕ, ಬೆಳಗಾವಿ

ಮಾನ್ಯರೇ, ನಮ್ಮ ಪ್ರೌಢಶಾಲೆಯ ಮಕ್ಕಳಿಗೆ ಕೋಟಾ ರಾಮಸ್ವಾಮಿ ಅವರ ಬಗ್ಗೆ ಅರ್ಧ ಗಂಟೆ ಮಾತನಾಡಲು ಒಪ್ಪಿಕೊಂಡಿದ್ದೇನೆ. 1896ರಲ್ಲಿ ಹುಟ್ಟಿದ ಇವರು 1922ರಲ್ಲಿ ದೇಶಗಳ ನಡುವಿನ ಡೇವಿಸ್ ಕಪ್ ಟೆನಿಸ್‌ನಲ್ಲಿ ಭಾರತದ ಪರ ಡಬಲ್ಸ್ ಆಡಿದರು. ಮುಂದೆ 1936ರಲ್ಲಿ, ನಲವತ್ತು ತುಂಬಿದ ಮೇಲೆ, ಇಂಗ್ಲೆಂಡಿನಲ್ಲಿ ತಮ್ಮ ಮೊದಲ ಟೆಸ್ಟ್ ಕ್ರಿಕೆಟ್ ಪಂದ್ಯ ಆಡಿದರು. 1985ರ ಅಕ್ಟೋಬರಿನಲ್ಲಿ ಮದ್ರಾಸಿನ ಮನೆಯಿಂದ ಹೊರಟವರು ಮತ್ತೆ ಮರಳಲಿಲ್ಲ. ಅವರ ಹೆಸರು ಬಂದಲ್ಲೆಲ್ಲ ಈ ಕಣ್ಮರೆಯ ಕಥೆಯೇ ಮುಂದೆ ಬಂದು, ಆಡಿದ ಆಟ ಹಿಂದೆ ಸರಿಯುತ್ತದೆ. ಇದು ಆ ಹಿರಿಯರಿಗೆ ಮಾಡುವ ಅನ್ಯಾಯವೆಂದೇ ನನ್ನ ಭಾವನೆ. ಒಂದೇ ಆಟವನ್ನು ಆರಿಸಿಕೊಳ್ಳಿ ಎಂದು ನಾವೇ ಒತ್ತಾಯಿಸುವ ಈ ಮಕ್ಕಳಿಗೆ ಅವರ ಬದುಕಿನ ಯಾವ ಭಾಗವನ್ನು ಒತ್ತಿ ಹೇಳಬೇಕೆಂದು ತಿಳಿದವರು ದಯವಿಟ್ಟು ತಿಳಿಸಬೇಕು.

ಉತ್ತರ 1: ವಿಜಯಪುರದಿಂದ

ಸರ್, ನಾನಾದರೆ ನೇರವಾಗಿ ಮ್ಯಾಂಚೆಸ್ಟರಿನಿಂದಲೇ ಆರಂಭಿಸುತ್ತೇನೆ. ಆ ಪ್ರವಾಸದಲ್ಲಿ ವಿಜಯನಗರಂ ಮಹಾರಾಜಕುಮಾರರ ನಾಯಕತ್ವದ ಭಾರತ ತಂಡ ಒಳಜಗಳಗಳಿಂದ ಬಸವಳಿದಿತ್ತು. ಒಳ್ಳೆಯ ಲಯದಲ್ಲಿದ್ದ ಲಾಲಾ ಅಮರನಾಥರನ್ನು ಮೊದಲ ಟೆಸ್ಟಿಗೂ ಮುನ್ನವೇ ಊರಿಗೆ ಕಳಿಸಲಾಗಿತ್ತು. ಮ್ಯಾಂಚೆಸ್ಟರಿನ ಎರಡನೆಯ ಟೆಸ್ಟಿನಲ್ಲಿ ಇಂಗ್ಲೆಂಡಿನ 571 ರನ್‌ಗಳ ಎದುರು ಭಾರತ 203ಕ್ಕೆ ಕುಸಿದ ಮೇಲೆ, ವಿಜಯ್ ಮರ್ಚೆಂಟ್ ಮತ್ತು ಮುಷ್ತಾಕ್ ಅಲಿ ಇಬ್ಬರೂ ಶತಕ ಹೊಡೆದು ಮೊದಲ ವಿಕೆಟ್ಟಿಗೆ 203 ರನ್ ಸೇರಿಸಿದ್ದನ್ನು ಎಲ್ಲರೂ ನೆನೆಯುತ್ತಾರೆ. ಆದರೆ ಆ ಪಂದ್ಯ ಡ್ರಾ ಆಗುವುದರಲ್ಲಿ ಎಡಗೈ ಬ್ಯಾಟ್ಸ್‌ಮನ್ ರಾಮಸ್ವಾಮಿ ಅವರ 40 ಮತ್ತು 60 ರನ್‌ಗಳಿಗೂ ಪಾಲಿದೆ. ಓವಲ್ ಮೈದಾನದ ಮುಂದಿನ ಟೆಸ್ಟಿನಲ್ಲಿ 29 ಮತ್ತು ಔಟಾಗದೆ 41. ಎರಡು ಟೆಸ್ಟ್, 170 ರನ್, 56ಕ್ಕೂ ಮೀರಿದ ಸರಾಸರಿ. ಮತ್ತೆಂದೂ ಟೆಸ್ಟ್ ಆಡಲಿಲ್ಲ. ಆ ವಯಸ್ಸಿನಲ್ಲಿ, ಪರದೇಶದ ಪಿಚ್ಚಿನ ಮೇಲೆ, ನಾಲ್ಕು ಇನ್ನಿಂಗ್ಸ್‌ಗಳಲ್ಲಿ ಒಮ್ಮೆಯೂ ಅಗ್ಗವಾಗಿ ಔಟಾಗದಿರುವುದು ಸಣ್ಣ ಮಾತಲ್ಲ.

ಟೆನಿಸ್ ಭಾಗವನ್ನು ಚಿಕ್ಕದಾಗಿಯೇ ಹೇಳಬಹುದು. ಕೇಂಬ್ರಿಜ್ ವಿದ್ಯಾರ್ಥಿಯಾಗಿದ್ದಾಗ ಅವರು ಇದ್ದ ಭಾರತದ ಡೇವಿಸ್ ಕಪ್ ತಂಡ ರುಮೇನಿಯಾವನ್ನು ಗೆದ್ದು ಸ್ಪೇನ್‌ಗೆ ಸೋತಿತು.

ಉತ್ತರ 2: ಹಳೆಯ ಹಾಕಿ ಆಟಗಾರ, ಬೆಳಗಾವಿ

ಗುರುಗಳೇ, 1964ರ ಟೋಕಿಯೊ ಒಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದ ಹಾಕಿ ತಂಡಕ್ಕೆ ಬಂಡು ಪಾಟೀಲರನ್ನು ಕೊಟ್ಟ ಊರು ನಮ್ಮದು. ಇಲ್ಲಿಯ ಮಕ್ಕಳ ಮುಂದೆ ರಾಮಸ್ವಾಮಿ ಅವರ ಜೊತೆಗೆ, ಕ್ರಿಕೆಟ್ ಮತ್ತು ಹಾಕಿ ಎರಡನ್ನೂ ಆಡಿದ ಎಂ.ಜೆ. ಗೋಪಾಲನ್ ಅವರ ಹೆಸರನ್ನೂ ಹೇಳಲೇಬೇಕು. 1934ರ ನವೆಂಬರಿನಲ್ಲಿ ಮದ್ರಾಸಿನ ಚೆಪಾಕ್‌ನಲ್ಲಿ ಮೈಸೂರಿನ ವಿರುದ್ಧ ರಣಜಿ ಟ್ರೋಫಿಯ ಮೊಟ್ಟಮೊದಲ ಚೆಂಡು ಎಸೆದವರು ಅವರೇ. 1935ರಲ್ಲಿ ಧ್ಯಾನಚಂದರ ತಂಡದ ಜೊತೆ ನ್ಯೂಜಿಲೆಂಡಿಗೆ ಹೋಗಿ ಹಾಕಿ ಆಡಿ ಬಂದರು. ಮರುವರ್ಷ ಬರ್ಲಿನ್ ಒಲಿಂಪಿಕ್ಸ್ ಮತ್ತು ಇಂಗ್ಲೆಂಡಿನ ಕ್ರಿಕೆಟ್ ಪ್ರವಾಸ ಎರಡೂ ಒಂದೇ ಬೇಸಿಗೆಯಲ್ಲಿ ಬಂದು ಬಿದ್ದವು. ಗೋಪಾಲನ್ ಕ್ರಿಕೆಟ್ ಆರಿಸಿಕೊಂಡರು. ಇಂಗ್ಲೆಂಡಿನಲ್ಲಿ ಒಂದು ಟೆಸ್ಟ್ ಪಂದ್ಯದಲ್ಲೂ ಅವರಿಗೆ ಸ್ಥಾನ ಸಿಗಲಿಲ್ಲ. ಬರ್ಲಿನ್‌ನಲ್ಲಿ ಹಾಕಿ ತಂಡ ಜರ್ಮನಿಯನ್ನು 8–1ರಿಂದ ಸೋಲಿಸಿ ಚಿನ್ನ ತಂದಿತು. ಇದನ್ನು ನೆನೆದಾಗಲೆಲ್ಲ ನನ್ನ ಹೊಟ್ಟೆ ಉರಿಯುತ್ತದೆ. ಒಂದೇ ಹಡಗಿನ ತಂಡದಲ್ಲಿ ಒಬ್ಬರಿಗೆ ನಲವತ್ತರಲ್ಲಿ ಅದೃಷ್ಟ ಒಲಿಯಿತು, ಇಪ್ಪತ್ತೇಳರ ಇನ್ನೊಬ್ಬರಿಗೆ ಒಲಿಯಲಿಲ್ಲ. ಎರಡು ಆಟ ಆಡುವುದು ಕಷ್ಟವಲ್ಲ, ಎರಡರಲ್ಲಿ ಒಂದನ್ನು ಬಿಡಬೇಕಾದ ದಿನ ಕಷ್ಟ ಎಂಬುದು ಮಕ್ಕಳಿಗೆ ಇದರಿಂದ ಚೆನ್ನಾಗಿ ತಿಳಿಯುತ್ತದೆ.

ಉತ್ತರ 3: ಬಾಗಲಕೋಟೆಯಿಂದ

ಇಬ್ಬರ ಮಾತನ್ನೂ ಒಪ್ಪುತ್ತಲೇ ಒಂದು ಕೊರತೆಯನ್ನು ಹೇಳಬೇಕಾಗಿದೆ. ಇಂಥ ಹಿರಿಯರನ್ನು ಹಣಕ್ಕಾಗಿ ಅಲ್ಲ, ಪ್ರೀತಿಗಾಗಿ ಆಡಿದವರು ಎಂದು ನಾವು ಹೊಗಳುವಾಗ, ಹಾಗೆ ಆಡಲು ಆ ಕಾಲದಲ್ಲಿ ಯಾರಿಗೆ ಸಾಧ್ಯವಿತ್ತು ಎಂಬುದನ್ನೂ ಹೇಳಬೇಕು. ರಾಮಸ್ವಾಮಿ ಅವರ ತಂದೆ ಬುಚ್ಚಿ ಬಾಬು ನಾಯ್ಡು ಶ್ರೀಮಂತ ಮನೆತನದವರು. ಚೆಪಾಕ್‌ನ ಬಿಳಿಯರ ಕ್ಲಬ್ಬಿನಲ್ಲಿ ಭಾರತೀಯರಿಗೆ ಸಮಾನ ಸ್ಥಾನವಿಲ್ಲದ್ದನ್ನು ಕಂಡು, 1888ರಲ್ಲಿ ತಮ್ಮದೇ ಮದ್ರಾಸ್ ಯುನೈಟೆಡ್ ಕ್ಲಬ್ ಕಟ್ಟಿ ಬಡ ಹುಡುಗರಿಗೂ ಬ್ಯಾಟು, ಪ್ಯಾಡು ಕೊಡಿಸಿದರು. ಅವಮಾನಕ್ಕೆ ಉತ್ತರವಾಗಿ ಕ್ಲಬ್ಬನ್ನೇ ಕಟ್ಟುವ ಶಕ್ತಿ ಆ ಮನೆಗಿತ್ತು.

ನಮ್ಮ ಪಕ್ಕದ ಧಾರವಾಡದಲ್ಲಿ 1876ರಲ್ಲಿ ಹುಟ್ಟಿದ ಪಾಲ್ವಣಕರ ಬಾಳೂ ಅವರಿಗೆ ಅಂಥ ಶಕ್ತಿ ಇರಲಿಲ್ಲ. ದಲಿತ ಕುಟುಂಬದ ಈ ಎಡಗೈ ಸ್ಪಿನ್ನರ್ ಪುಣೆಯಲ್ಲಿ ಬಿಳಿಯರ ಮೈದಾನ ನೋಡಿಕೊಳ್ಳುವ ಕೂಲಿ ಕೆಲಸದಲ್ಲಿದ್ದು, ನೆಟ್ಸ್‌ನಲ್ಲಿ ಅವರಿಗೆ ಬೌಲಿಂಗ್ ಮಾಡುತ್ತಲೇ ಕೈ ಪಳಗಿಸಿಕೊಂಡರು. ಮುಂದೆ, ಧರ್ಮಕ್ಕೊಂದು ತಂಡವಿದ್ದ ಆ ಕಾಲದ ಪಂದ್ಯಾವಳಿಯಲ್ಲಿ, ಹಿಂದೂ ತಂಡಕ್ಕೆ ಪಂದ್ಯ ಗೆದ್ದುಕೊಟ್ಟಾಗಲೂ ಚಹಾ ವಿರಾಮದಲ್ಲಿ ಅವರಿಗೆ ಹೊರಗಡೆ ಬೇರೆ ಮಣ್ಣಿನ ಕುಡಿಕೆಯಲ್ಲಿ ಚಹಾ ಕೊಡುತ್ತಿದ್ದರು. 1911ರ ಇಂಗ್ಲೆಂಡ್ ಪ್ರವಾಸದಲ್ಲಿ ನೂರಕ್ಕೂ ಹೆಚ್ಚು ವಿಕೆಟ್ ಪಡೆದು ಬಂದ ಮೇಲೂ ಹಿಂದೂ ತಂಡದ ನಾಯಕತ್ವ ಅವರಿಗೆ ದಕ್ಕಲಿಲ್ಲ. ಅದು ದಕ್ಕಿದ್ದು 1923ರಲ್ಲಿ, ಅವರ ತಮ್ಮ ವಿಠ್ಠಲರಿಗೆ.

ಆದ್ದರಿಂದ ಸರ್, ತಮ್ಮ ಅರ್ಧ ಗಂಟೆಯಲ್ಲಿ ಹತ್ತು ನಿಮಿಷವನ್ನಾದರೂ ಬಾಳೂ ಅವರಿಗೆ ಮೀಸಲಿಡಬೇಕೆಂದು ಕೇಳಿಕೊಳ್ಳುತ್ತೇನೆ. ಬೆಳಗಾವಿ, ಧಾರವಾಡ, ವಿಜಯಪುರ ಎಲ್ಲವೂ ಅಂದು ಒಂದೇ ಮುಂಬಯಿ ಪ್ರಾಂತ್ಯದ ಜಿಲ್ಲೆಗಳಾಗಿದ್ದವು ಎಂಬುದನ್ನೂ ಹೇಳಿದರೆ, ಈ ಆಟಗಾರ ನಮ್ಮ ಕಡೆಯವರೇ ಎಂದು ಮಕ್ಕಳಿಗೆ ಅನಿಸುತ್ತದೆ.