ಹಸಿ ಗೋಂದು, ಹಳೇ ತಾರೀಕು: ನೋಟಿಸ್ ಬಂದಿದೆ, ಏನು ಮಾಡಲಿ?

ಪ್ರಶ್ನೆ: ವಕೀಲ್ ಸಾಹೇಬ್ರೆ, ನಮಸ್ಕಾರ. ನಮ್ಮದು ಕಲಬುರಗಿ ಜಿಲ್ಲೆಯ ಒಂದು ಪುರಸಭೆ ಊರು. ಅಪ್ಪ ಕಟ್ಟಿಸಿದ ಮನೆ ಮೇಲೆ ನಾವು ಎರಡು ಕೋಣೆ ಏರಿಸಿದ್ದೇವೆ. ಪರವಾನಗಿ ಕೆಳಗಿನ ಮನೆಗೆ ಮಾತ್ರ ಇದೆ, ಸುಳ್ಳು ಯಾಕೆ ಹೇಳಲಿ. ಶನಿವಾರ ಸಂಜೆ ಹೊಲದಿಂದ ಬಂದು ನೋಡಿದರೆ ಬಾಗಿಲಿಗೆ ನೋಟಿಸ್, ಗೋಂದು ಇನ್ನೂ ಹಸಿ. ಆದರೆ ಅದರ ಮೇಲಿನ ತಾರೀಕು ಹದಿನಾರು ದಿನ ಹಿಂದಿನದು! ‘7 ದಿನದೊಳಗೆ ತೆರವು ಮಾಡಿ’ ಅಂತ ಬರೆದಿದೆ. ಅಂದ್ರೆ ಗಡುವು ಮುಗಿದೇ ಹೋಯಿತು ಅಲ್ವಾ? ಸೋಮವಾರ ಜೆಸಿಬಿ ಬರುತ್ತೆ ಅಂತ ಓಣಿಯಲ್ಲೆಲ್ಲ ಮಾತು.

ಉತ್ತರ: ಅಣ್ಣ, ಮೊದಲು ಆ ನೋಟಿಸ್ ಕಿತ್ತು ಬಿಸಾಡಬೇಡಿ. ಬಾಗಿಲು, ಮನೆ ನಂಬರ್, ನೋಟಿಸ್ ಮೂರೂ ಕಾಣುವ ಹಾಗೆ ಇವತ್ತೇ ವಿಡಿಯೊ ಮಾಡಿ. ಅಂಟಿಸಿದ್ದನ್ನು ಯಾರಾದರೂ ನೋಡಿದ್ದರೆ ಹೆಸರು ಬರೆದಿಡಿ.

ಗಡುವು ಮುಗಿದಿಲ್ಲ. 2024ರ ನವೆಂಬರ್ 13ರಂದು ನ್ಯಾಯಮೂರ್ತಿಗಳಾದ ಬಿ.ಆರ್. ಗವಾಯಿ ಮತ್ತು ಕೆ.ವಿ. ವಿಶ್ವನಾಥನ್ ಅವರ ಸುಪ್ರೀಂ ಕೋರ್ಟ್ ಪೀಠ ಕೊಟ್ಟ ತೀರ್ಪಿನ ಪ್ರಕಾರ ಉತ್ತರ ಕೊಡಲು 15 ದಿನ, ಇಲ್ಲವೇ ಸ್ಥಳೀಯ ಕಾಯ್ದೆ ಹೇಳುವಷ್ಟು ದಿನ, ಯಾವುದು ಜಾಸ್ತಿಯೋ ಅಷ್ಟು ಸಿಗಬೇಕು. ದಿನ ಎಣಿಸುವುದು ನೋಟಿಸ್ ನಿಮ್ಮ ಕೈ ಸೇರಿದ ದಿನದಿಂದ, ಮೇಲೆ ಬರೆದ ತಾರೀಕಿನಿಂದ ಅಲ್ಲ. ಸುಮ್ನೆ ಬಾಗಿಲಿಗೆ ಅಂಟಿಸಿದರೂ ಸಾಲದು, ರಿಜಿಸ್ಟರ್ಡ್ ಅಂಚೆಯಲ್ಲೂ ಕಳಿಸಬೇಕು. ಯಾವ ನಿಯಮ ಮುರಿದಿದ್ದೀರಿ, ವಿಚಾರಣೆ ಯಾವತ್ತು, ಯಾರ ಮುಂದೆ ಅನ್ನೋದೂ ಅದರಲ್ಲಿ ಇರಬೇಕು. ನಿಮ್ಮ ನೋಟಿಸಿನಲ್ಲಿ ಇದೆಯಾ ನೋಡಿ.

ಈ ಹಳೇ ತಾರೀಕಿನ ಆಟ ಕೋರ್ಟಿಗೂ ಗೊತ್ತು. ಅದಕ್ಕೇ ನೋಟಿಸ್ ಜಾರಿಯಾದ ಕೂಡಲೇ ಜಿಲ್ಲಾಧಿಕಾರಿ ಕಚೇರಿಗೆ ಇಮೇಲ್ ಹೋಗಬೇಕು, ಅಲ್ಲಿಂದ ತಾನಾಗಿ ಸ್ವೀಕೃತಿ ಬರಬೇಕು ಅಂತ ಹೇಳಿದೆ. ಆ ಇಮೇಲ್ ಯಾವತ್ತು ಬಂತು ಅಂತ ಡಿಸಿ ಕಚೇರಿಯಲ್ಲಿ ಬರಹದಲ್ಲಿ ಕೇಳಿ. ಬಂದೇ ಇಲ್ಲ ಅಂದರೆ ನಿಮ್ಮ ಕೇಸು ಅರ್ಧ ಗೆದ್ದಂತೆ.

ಸೋಮವಾರ ಬೆಳಿಗ್ಗೆ ಕಚೇರಿ ತೆಗೆಯುವ ಹೊತ್ತಿಗೇ ಮುಖ್ಯಾಧಿಕಾರಿಗೆ ಬರೆದ ಉತ್ತರ ಒಯ್ದು ಅಲ್ಲಿನ ಟಪಾಲು ವಿಭಾಗದಲ್ಲಿ ಕೊಟ್ಟು, ನಿಮ್ಮ ಪ್ರತಿ ಮೇಲೆ ಸೀಲು, ಆವಕ ನಂಬರ್ ಹಾಕಿಸಿ. ನೋಟಿಸ್ ಶನಿವಾರ ಸಿಕ್ಕಿತು, ವಿಚಾರಣೆ ಬೇಕು, ದಂಡ ಕಟ್ಟಿ ಸಕ್ರಮ ಮಾಡಲು ಆಗುತ್ತಾ ನೋಡಿ, ಇಷ್ಟು ಸಾಕು. ಮೆಂಬರ್ ಮನೆಗೆ ಓಡುವುದು ಆಮೇಲೆ. (ನಮ್ಮ ಕಡೆ ಎಲ್ಲರೂ ಮೊದಲು ಅಲ್ಲೇ ಹೋಗಿ ಮೂರು ದಿನ ಕಳೀತಾರೆ.) ಕೊನೇ ಆದೇಶದಲ್ಲಿ ನಿಮ್ಮ ವಾದ ಏನು, ಪೂರ್ತಿ ಕೆಡವಲೇಬೇಕಾ, ಒಂದು ಭಾಗ ತೆಗೆದರೆ ಸಾಲದಾ ಅನ್ನೋದಕ್ಕೆ ಕಾರಣ ಬರೆದಿರಬೇಕು. ಅದು ಕೈಗೆ ಬಂದ ಮೇಲೂ 15 ದಿನ ಮುಟ್ಟುವಂತಿಲ್ಲ. ಅಷ್ಟರಲ್ಲಿ ಹೈಕೋರ್ಟಿನ ಕಲಬುರಗಿ ಪೀಠಕ್ಕೆ ಹೋಗಬಹುದು, 2008ರಿಂದ ಇಲ್ಲೇ ಇದೆ, ಬೆಂಗಳೂರಿನ ರೈಲು ಹತ್ತಬೇಕಿಲ್ಲ.

ಇದೆಲ್ಲ ಮಾಡಿದರೂ ಕೋಣೆ ಉಳಿದೇ ಉಳಿಯುತ್ತೆ ಅಂತ ನಾನು ಹೇಳಲ್ಲ. ಪರವಾನಗಿ ಇಲ್ಲದ್ದು ಇಲ್ಲದ್ದೇ.

ಇನ್ನೊಬ್ಬರು: ಸರ್, ನಾನು ಫುಟ್‌ಪಾತ್ ಮೇಲೆ ಬಳೆ ಬಂಡಿ ಇಟ್ಟಿದ್ದೇನೆ. ನನಗೂ 15 ದಿನ ಇದೆಯಾ?

ಉತ್ತರ: ಈ ತೀರ್ಪಿನಲ್ಲಿ ಇಲ್ಲ. ರಸ್ತೆ, ಫುಟ್‌ಪಾತ್, ರೈಲು ಹಳಿ ಪಕ್ಕ, ಕೆರೆ-ಹೊಳೆ ಜಾಗ, ಕೋರ್ಟೇ ಕೆಡವಲು ಹೇಳಿದ ಕಟ್ಟಡ, ಇವನ್ನು ಹೊರಗಿಟ್ಟಿದ್ದಾರೆ. ಆದರೆ ನಿಮ್ಮ ಹತ್ರ ಬೀದಿ ವ್ಯಾಪಾರದ ಪ್ರಮಾಣಪತ್ರ ಇದ್ದರೆ 2014ರ ಬೀದಿ ವ್ಯಾಪಾರಿಗಳ ಕಾಯ್ದೆ ಇದೆ, ಪ್ರಮಾಣಪತ್ರದಲ್ಲಿ ತೋರಿಸಿದ ಜಾಗದಿಂದ ಎಬ್ಬಿಸಲು 30 ದಿನದ ನೋಟಿಸ್ ಬೇಕು. ಪತ್ರ ಇದೆಯಾ?

ಮೊದಲು ಕೇಳಿದವರು: ಸರ್, ಒಂದು ಮರೆತಿದ್ದೆ. ನಮ್ಮ ಮೆಟ್ಟಿಲಿನ ಪರ್ಸಿ ಕಲ್ಲು ಎರಡು ಅಡಿ ರಸ್ತೆಗೆ ಚಾಚಿದೆ.

ಉತ್ತರ: ಅದನ್ನು ನಾಳೆ ಭಾನುವಾರ ನೀವೇ ತೆಗೆಸಿ, ಫೋಟೊ ಇಟ್ಟುಕೊಳ್ಳಿ. ಜೆಸಿಬಿ ಬಂದರೆ ಎರಡು ಅಡಿಗೇ ನಿಲ್ಲುತ್ತೆ ಅಂತ ಇಲ್ಲ.