ಮ್ಯಾಕ್ಸ್ ಶ್ರೆಕ್: 'ನೊಸ್ಫೆರಾಟು' ಬಿಟ್ಟರೆ ಬೇರೇನು?

ಮೂಕಿಪ್ರಿಯ:
ಆನ್‌ಲೈನಿನಲ್ಲಿ ಸಿಗುವ 1922ರ ಜರ್ಮನ್ ಮೂಕಿಚಿತ್ರ 'ನೊಸ್ಫೆರಾಟು'ದಲ್ಲಿ ಮ್ಯಾಕ್ಸ್ ಶ್ರೆಕ್ ಮಾಡಿದ ಓರ್ಲಾಕ್ ಹಾಡುಹಗಲೇ ಶವಪೆಟ್ಟಿಗೆ ಹೊತ್ತು ಊರೊಳಗೆ ನಡೆಯುತ್ತಾನೆ. ಬಿಸಿಲಿಗೇ ಸಾಯುವ ರಕ್ತಪಿಶಾಚಿ ಅಲ್ಲವೇ ಅವನು? ನಡಿಗೆಯೂ ಕುಪ್ಪಳಿಸಿದಂತಿದೆ. ಇದು ನಟನ ತಪ್ಪೇ? ಶ್ರೆಕ್ ಬೇರೆ ಯಾವುದರಲ್ಲಾದರೂ ನಟಿಸಿದ್ದುಂಟೇ?

ರೀಲುಪೆಟ್ಟಿಗೆ:
ನಟನದಲ್ಲ, ಪ್ರತಿಯ ತಪ್ಪು. ಆಗ ರಾತ್ರಿಯ ಹೊರಾಂಗಣ ದೃಶ್ಯಗಳನ್ನು ಹಗಲಲ್ಲೇ ತೆಗೆದು, ಪ್ರದರ್ಶನದ ಪ್ರತಿಗೆ ನೀಲಿ ಬಣ್ಣ ಕಟ್ಟುತ್ತಿದ್ದರು. ಕಪ್ಪು-ಬಿಳುಪು ನಕಲಿನಲ್ಲಿ ಆ ನೀಲಿ ಹೋಯಿತು, ಅದರೊಂದಿಗೆ ರಾತ್ರಿಯೂ ಹೋಯಿತು.

ಇನ್ನು ವೇಗ. ಚಿತ್ರದ ಮೂಲ ಉದ್ದ 1967 ಮೀಟರ್, ಮೀಟರಿಗೆ ಸುಮಾರು 52 ಚೌಕಟ್ಟು (ಫ್ರೇಮು). ಸೆಕೆಂಡಿಗೆ 18ರಂತೆ ಓಡಿಸಿದರೆ ಸುಮಾರು 95 ನಿಮಿಷ. ವಾಕ್ಚಿತ್ರದ 24ಕ್ಕೆ ಏರಿಸಿದರೆ 71. ಶ್ರೆಕ್‌ನ ಅಭಿನಯವೆಲ್ಲ ಇರುವುದೇ ಆ ಬಿಗಿದ ಭುಜ, ನಿಧಾನದ ಹೆಜ್ಜೆಗಳಲ್ಲಿ. ಮೂರನೇ ಒಂದು ಪಾಲು ವೇಗ ಹೆಚ್ಚಿದರೆ ಅದು ನಗೆಪಾಟಲು. ಕುದುರೆಗಾಡಿಯ ಓಟ, ಪೆಟ್ಟಿಗೆಗಳನ್ನು ಗಾಡಿಗೇರಿಸುವುದು ಮಾತ್ರ ನಿರ್ದೇಶಕ ಮುರ್ನಾವ್ ಬೇಕೆಂದೇ ವೇಗವಾಗಿಸಿದ್ದು. ಅವು ಸರಿಯಾದ ಪ್ರತಿಯಲ್ಲೂ ಹಾಗೇ ಇರುತ್ತವೆ. ಮುರ್ನಾವ್ ಪ್ರತಿಷ್ಠಾನ ಪುನರುಜ್ಜೀವಿಸಿದ, ಬಣ್ಣ ಕಟ್ಟಿದ ಪ್ರತಿ ಹುಡುಕಿ. ಅವಧಿ 90 ನಿಮಿಷ ದಾಟದಿದ್ದರೆ ಅನುಮಾನಪಡಿ.

ರಂಗಾಸಕ್ತ:
ಎರಡನೇ ಪ್ರಶ್ನೆಗೆ: ಶ್ರೆಕ್ ಮೊದಲಿಗೆ ರಂಗನಟ. 1879ರಲ್ಲಿ ಬರ್ಲಿನ್ನಿನಲ್ಲಿ ಜನನ. ಜರ್ಮನ್‌ನಲ್ಲಿ 'ದಿಗಿಲು' ಎಂಬರ್ಥದ ಆ ಹೆಸರೂ ಹುಟ್ಟಿನಿಂದ ಬಂದದ್ದೇ, ಪ್ರಚಾರಕ್ಕೆ ಕಟ್ಟಿಕೊಂಡದ್ದಲ್ಲ. ಸಣ್ಣ ಊರುಗಳ ರಂಗತಂಡಗಳಲ್ಲಿ ಪಳಗಿ, ರಂಗನಿರ್ದೇಶಕ ಮ್ಯಾಕ್ಸ್ ರೈನ್‌ಹಾರ್ಟ್ ತಂಡ ಸೇರಿ, ಆಮೇಲೆ ಮ್ಯೂನಿಕ್‌ನ ಕಾಮರ್‌ಸ್ಪೀಲೆ ರಂಗಮಂದಿರಕ್ಕೆ ಬಂದವನು. 'ನೊಸ್ಫೆರಾಟು' ತೆರೆಕಂಡದ್ದು 1922ರ ಮಾರ್ಚ್‌ನಲ್ಲಿ. ಅದೇ ಸೆಪ್ಟೆಂಬರ್ 29ರಂದು ಕಾಮರ್‌ಸ್ಪೀಲೆಯಲ್ಲಿ ಬ್ರೆಕ್ಟ್‌ನ 'ರಾತ್ರಿಯ ನಗಾರಿಗಳು' ನಾಟಕದ ಮೊದಲ ಪ್ರದರ್ಶನ. ಹೆಂಡದಂಗಡಿಯ ಗ್ಲುಬ್ ಪಾತ್ರ ಶ್ರೆಕ್‌ನದು. ನನ್ನ ಮಟ್ಟಿಗೆ ಅವನ ವೃತ್ತಿಯಲ್ಲಿ ಇದೇ ದೊಡ್ಡ ವರ್ಷ, ಮತ್ತು ಅದು ಪಿಶಾಚಿಯಿಂದಷ್ಟೇ ಅಲ್ಲ.

ಸಾವಿನ ಹಿಂದಿನ ರಾತ್ರಿಯೂ ವೇದಿಕೆ ಬಿಡಲಿಲ್ಲ: 1936ರ ಫೆಬ್ರವರಿ 19ರಂದು ಷಿಲ್ಲರ್‌ನ 'ಡಾನ್ ಕಾರ್ಲೋಸ್' ನಾಟಕದಲ್ಲಿ ಮತ್ತೊಬ್ಬ ನಟನ ಬದಲಿಗೆ ಮಹಾ ವಿಚಾರಣಾಧಿಕಾರಿಯ ಪಾತ್ರ ಮಾಡಿದ್ದ.

ರೀಲುಪೆಟ್ಟಿಗೆ:
ಸಿನಿಮಾದಲ್ಲೇ ನೋಡಬೇಕೆಂದರೆ ಕಾರ್ಲ್ ಗ್ರೂನೆಯ 'ಬೀದಿ' (1923). ಅದರಲ್ಲಿ ಶ್ರೆಕ್ ಕುರುಡ ಮುದುಕ. ಉದ್ದ ಉಗುರಿಲ್ಲ, ಚೂಪು ಕಿವಿಯಿಲ್ಲ. ಮೈ ಬಳಸುವ ಕಸುಬು ನೇರವಾಗಿ ಕಾಣುತ್ತದೆ. ಮುರ್ನಾವ್‌ನದೇ 'ಗ್ರ್ಯಾಂಡ್ ಡ್ಯೂಕನ ಹಣಕಾಸು' (1924) ಹಾಸ್ಯಚಿತ್ರದಲ್ಲೂ ಇದ್ದಾನೆ, ಪಾತ್ರ ಚಿಕ್ಕದು. ಶ್ರೆಕ್ ನಿಜಕ್ಕೂ ಪಿಶಾಚಿಯೇ ಆಗಿದ್ದ ಎಂಬ ಮಾತು 2000ದ ಒಂದು ಇಂಗ್ಲಿಷ್ ಚಿತ್ರದ ಕಲ್ಪನೆ. ಅದನ್ನು ಚರಿತ್ರೆಗೆ ಸೇರಿಸಬೇಡಿ.