ಮೊಣಕಾಲ ಕೆಳಗಿನ ವೇನ್ ಗಾಯ, ಮರುಭೇಟಿಯ ಕೋಡಿಂಗ್: ಆಡಿಟರ್ ಜೊತೆ ಪ್ರಶ್ನೋತ್ತರ

ಹೊಸ ಕೋಡರ್: ನಮಸ್ಕಾರ ಮೇಡಂ. ಅಮೆರಿಕದ ಕ್ಲಿನಿಕ್ ಒಂದರ ಚಾರ್ಟನ್ನು (ರೋಗಿಯ ದಾಖಲೆ) ಐಸಿಡಿ-10-ಸಿಎಂ, ಅಂದರೆ ಅಲ್ಲಿನ ರೋಗ ಮತ್ತು ಗಾಯಗಳ ಸಂಕೇತಪಟ್ಟಿಯಂತೆ ಕೋಡ್ ಮಾಡುತ್ತಿದ್ದೇನೆ. ರೋಗಿಯ ಬಲಗಾಲಿನ ಗ್ರೇಟರ್ ಸಫೀನಸ್ ವೇನ್ (ಕಾಲಿನಿಂದ ಹೃದಯದತ್ತ ರಕ್ತ ಒಯ್ಯುವ ಉದ್ದ ನಾಳ) ಗಾಜು ತಗುಲಿ ಸೀಳಿತ್ತು; ಬೇರೊಂದು ಆಸ್ಪತ್ರೆಯಲ್ಲಿ ಸರಿಪಡಿಸಿ ಹೊಲಿಗೆ ಹಾಕಿದ್ದಾರೆ. ಹೊಲಿಗೆ ಬಿಚ್ಚಿಸಲು ಇಲ್ಲಿಗೆ ಮೊದಲ ಬಾರಿ ಬಂದಿದ್ದಾರೆ. ಮೊದಲ ಭೇಟಿಯಾದ್ದರಿಂದ ಗಾಯದ ಸಂಕೇತದ ಏಳನೆಯ, ಅಂದರೆ ಕೊನೆಯ ಅಕ್ಷರ ಎ ಅಲ್ಲವೇ?

ಆಡಿಟರ್: ಅಲ್ಲ. ಏಳನೆಯ ಅಕ್ಷರವು ಚಿಕಿತ್ಸೆ ಯಾವ ಹಂತದಲ್ಲಿದೆ ಎಂಬುದನ್ನು ಹೇಳುತ್ತದೆಯೇ ಹೊರತು ರೋಗಿ ಎಷ್ಟನೆಯ ಸಲ ಬಂದರು, ಯಾವ ವೈದ್ಯರು ನೋಡಿದರು ಎಂಬುದನ್ನಲ್ಲ. ಗಾಯಕ್ಕೆ ಸಕ್ರಿಯ ಚಿಕಿತ್ಸೆ ನಡೆಯುತ್ತಿರುವವರೆಗೆ ಎ, ಅದು ಮುಗಿದು ಗಾಯ ಮಾಯುತ್ತಿರುವಾಗ ಡಿ. ನಿಮ್ಮ ಚಾರ್ಟಿನ ವೇನ್ ಗಾಯಕ್ಕೆ ಎಸ್85.311ಡಿ ಸರಿ, ಜೊತೆಗೆ ಕಾಲಿನ ತೆರೆದ ಗಾಯಕ್ಕೆ ಎಸ್81.811ಡಿ. ಗಾಜಿಗೆ ಡಬ್ಲ್ಯು25.ಎಕ್ಸ್ಎಕ್ಸ್ಎಕ್ಸ್‌ಡಿ. ಡಬ್ಲ್ಯು25ರಲ್ಲಿ ಮೂರೇ ಅಕ್ಷರಗಳಿರುವುದರಿಂದ ಡಿ ಏಳನೆಯ ಸ್ಥಾನಕ್ಕೆ ಬರುವಂತೆ ಎಕ್ಸ್ ತುಂಬಬೇಕು, ಎಸ್85.311ರಲ್ಲಿ ಆರೂ ಇರುವುದರಿಂದ ಅಲ್ಲಿ ಎಕ್ಸ್ ತುರುಕಬೇಡಿ. ಘಟನೆಯ ಸ್ಥಳ ಮತ್ತು ಚಟುವಟಿಕೆಯ ಸಂಕೇತಗಳು (ವೈ92, ವೈ93) ಆರಂಭದ ಚಿಕಿತ್ಸೆಯ ಭೇಟಿಗೆ ಮಾತ್ರ.

ರಾತ್ರಿ ಪಾಳಿ: ತುರ್ತು ವಿಭಾಗದವರು ಕಳುಹಿಸಿ, ಶಸ್ತ್ರಚಿಕಿತ್ಸಕರು ಮೊದಲ ಬಾರಿ ನೋಡಿದರೆ ಎ ಬರುತ್ತದೆಯೇ?

ಆಡಿಟರ್: ಅವರು ಗಾಯಕ್ಕೆ ಸಕ್ರಿಯ ಚಿಕಿತ್ಸೆ ಕೊಡುತ್ತಿದ್ದರೆ ಎ. ಇಲ್ಲದಿದ್ದರೆ ಡಿ.

ಗುಂಪಿನ ಸದಸ್ಯೆ: ಇನ್ನೊಂದು ಗುಂಪಿನಲ್ಲಿ ಬಂದ ಪಟ್ಟಿಯನ್ನು ಎಲ್ಲರಿಗೂ ಉಪಯೋಗವಾಗಲೆಂದು ಹಾಕುತ್ತಿದ್ದೇನೆ. “ಮೊದಲ ಭೇಟಿ ಎ. ಎರಡನೆಯ ಭೇಟಿಯಿಂದ ಡಿ. 90 ದಿನ ದಾಟಿದರೆ ಎಸ್. ಶಸ್ತ್ರಚಿಕಿತ್ಸೆ ಆಗಿದ್ದರೆ ಎಲ್ಲದಕ್ಕೂ ಝಡ್48.812.”

ಆಡಿಟರ್: ದಯವಿಟ್ಟು ಇದನ್ನು ಮುಂದೆ ಯಾರಿಗೂ ಕಳುಹಿಸಬೇಡಿ. ನಾಲ್ಕು ಸಾಲುಗಳಲ್ಲಿ ನಾಲ್ಕೂ ತಪ್ಪು. 90 ದಿನ ಎಂಬುದು ದೊಡ್ಡ ಶಸ್ತ್ರಚಿಕಿತ್ಸೆಗಳ ಗ್ಲೋಬಲ್ ಅವಧಿ, ಅಂದರೆ ನಂತರದ ಆರೈಕೆಯ ಹಣವೂ ಶಸ್ತ್ರಚಿಕಿತ್ಸೆಯ ಶುಲ್ಕದಲ್ಲೇ ಸೇರಿರುವ ಅವಧಿ. ಅದು ಬಿಲ್ಲಿಂಗಿನ ಲೆಕ್ಕ, ಏಳನೆಯ ಅಕ್ಷರಕ್ಕೂ ಅದಕ್ಕೂ ಸಂಬಂಧವಿಲ್ಲ. ಕೊನೆಯಲ್ಲಿ ಬರುವ ಎಸ್ ಎಂದರೆ ಗಾಯದ ನೇರ ಪರಿಣಾಮವಾಗಿ ಉಳಿದುಹೋದ ತೊಂದರೆ, ಅದಕ್ಕೆ ಕಾಲಮಿತಿಯೇ ಇಲ್ಲ. ಉದಾಹರಣೆಗೆ, ಪಾಪ್ಲಿಟಿಯಲ್ ವೇನ್ (ಮೊಣಕಾಲ ಹಿಂಭಾಗದ ವೇನ್) ಸೀಳಿದ್ದರಿಂದಲೇ ಎಡಗಾಲಿನಲ್ಲಿ ಪೋಸ್ಟ್ ಥ್ರಾಂಬೋಟಿಕ್ ಸಿಂಡ್ರೋಮ್ (ರಕ್ತ ಹೆಪ್ಪುಗಟ್ಟಿದ ನಂತರ ಉಳಿಯುವ ಊತ, ನೋವು) ಮತ್ತು ಹುಣ್ಣು ಆಗಿದೆಯೆಂದು ವೈದ್ಯರು ಬರೆದಿದ್ದರೆ ಆ ತೊಂದರೆಗೆ ಐ87.012 ಮೊದಲು, ಹುಣ್ಣಿಗೆ ಎಲ್97ರ ಸಂಕೇತ, ಆಮೇಲೆ ವೇನ್ ಗಾಯಕ್ಕೆ ಎಸ್85.512ಎಸ್. ಇನ್ನು ಶಸ್ತ್ರಚಿಕಿತ್ಸೆಯ ನಂತರದ ಆರೈಕೆಯ ಸಂಕೇತಗಳಾದ ಝಡ್48.81ರ ಕೆಳಗೆ, ಗಾಯದ ನಂತರದ ಆರೈಕೆಗೆ ಗಾಯದ ಸಂಕೇತವನ್ನೇ ಡಿ ಸೇರಿಸಿ ಬಳಸಬೇಕೆಂದು ಪುಸ್ತಕದಲ್ಲೇ ಅಚ್ಚಾಗಿದೆ. ಫಾರ್ವರ್ಡ್ ಮಾಡುವ ಮೊದಲು ಆ ಪುಟವನ್ನು ತೆರೆಯುವುದು ಅಷ್ಟು ಕಷ್ಟವೇ?

ಗುಂಪಿನ ಸದಸ್ಯೆ: ಒಳ್ಳೆಯ ಉದ್ದೇಶದಿಂದ ಹಾಕಿದ್ದೆ.

ಆಸ್ಪತ್ರೆ ದಾಖಲೆ ವಿಭಾಗ: ಈ ಅಕ್ಷರಗಳ ಗೋಜೇ ನಮಗಿಲ್ಲ. ನಾವು ಎಸ್85.5 ಎಂದಷ್ಟೇ ಬರೆಯುತ್ತೇವೆ, ಯಾರೂ ತಿರಸ್ಕರಿಸಿಲ್ಲ.

ರಾತ್ರಿ ಪಾಳಿ: ನೀವು ಬಳಸುವುದು ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10. ಇಲ್ಲಿ ಚರ್ಚೆಯಾಗುತ್ತಿರುವುದು ಅಮೆರಿಕದಲ್ಲಿ 2015ರ ಅಕ್ಟೋಬರ್ 1ರಿಂದ ಜಾರಿಯಲ್ಲಿರುವ ಐಸಿಡಿ-10-ಸಿಎಂ. ಎರಡನ್ನೂ ಕಲಸಿ ಹೊಸಬರನ್ನು ದಾರಿ ತಪ್ಪಿಸಬೇಡಿ.

ಆಸ್ಪತ್ರೆ ದಾಖಲೆ ವಿಭಾಗ: ಗೊತ್ತಿರುವುದನ್ನು ಹೇಳಿದರೆ ದಾರಿ ತಪ್ಪಿಸಿದಂತೆಯೇ?

ಸರ್ಜರಿ ಕೋಡರ್: ಮೇಡಂ, ನನ್ನದೊಂದು ಗೊಂದಲದ ಚಾರ್ಟ್. ಎಡ ಪಾಪ್ಲಿಟಿಯಲ್ ವೇನ್ ಸೀಳಿದ್ದಕ್ಕೆ ಗ್ರಾಫ್ಟ್ (ಕಸಿ ಮಾಡುವ ನಾಳದ ತುಂಡು) ಇಟ್ಟು ಸರಿಪಡಿಸಿದ್ದರು. ಐದನೆಯ ವಾರದ ಭೇಟಿಯಲ್ಲಿ ಕಾಲು ಊದಿದೆ. ಅಲ್ಟ್ರಾಸೌಂಡ್ ವರದಿಯಲ್ಲಿ “ಎಡ ಪಾಪ್ಲಿಟಿಯಲ್ ವೇನ್‌ನಲ್ಲಿ ಹೊಸ ಹೆಪ್ಪು” ಎಂದಿದೆ. ಶಸ್ತ್ರಚಿಕಿತ್ಸಕರು ರಕ್ತ ತೆಳುವಾಗಿಸುವ ಔಷಧ ಆರಂಭಿಸಿ, ಟಿಪ್ಪಣಿಯಲ್ಲಿ “ಅಕ್ಯೂಟ್ ಡಿವಿಟಿ, ಫಾಲೋಅಪ್” (ಡಿವಿಟಿ ಎಂದರೆ ಆಳದ ವೇನ್‌ನಲ್ಲಿ ಹೆಪ್ಪು) ಎಂದಷ್ಟೇ ಬರೆದಿದ್ದಾರೆ.

ಆಡಿಟರ್: ಈ ಚಾರ್ಟ್ ಅವಸರದಲ್ಲಿ ಮುಗಿಸುವಂಥದ್ದಲ್ಲ. ವೇನ್‌ನ ಗಾಯ ಮಾಯುತ್ತಿರುವುದರಿಂದ ಎಸ್85.512ಡಿ ಉಳಿಯುತ್ತದೆ. ಹೆಪ್ಪು ಹೊಸ ತೊಂದರೆ. ಟಿಪ್ಪಣಿ ಈಗಿರುವಂತೆ ಅದಕ್ಕೆ ಐ82.432 ಬರುತ್ತದೆ. ಆದರೆ ಹೆಪ್ಪುಗಟ್ಟಿರುವುದು ಗ್ರಾಫ್ಟ್‌ನ ಒಳಗೋ, ಪಕ್ಕದ ಸಹಜ ನಾಳದಲ್ಲೋ ಎಂಬುದು ವರದಿಯಲ್ಲೂ ಇಲ್ಲ, ಟಿಪ್ಪಣಿಯಲ್ಲೂ ಇಲ್ಲ. ಗ್ರಾಫ್ಟ್‌ನಿಂದಲೇ ಆದದ್ದೆಂದು ವೈದ್ಯರು ಬರೆದರೆ ಟಿ82.868ಎ. ಫಾಲೋಅಪ್ ಭೇಟಿಯಲ್ಲಿ ಎ ಏಕೆಂದು ಕೇಳುವವರಿಗೆ ಮೊದಲೇ ಹೇಳಿಬಿಡುತ್ತೇನೆ: ಆ ತೊಡಕಿಗೆ ಸಕ್ರಿಯ ಚಿಕಿತ್ಸೆ ಇಂದು ನಡೆಯುತ್ತಿದೆ, ಆದ್ದರಿಂದ ಒಂದೇ ಕ್ಲೇಮಿನಲ್ಲಿ ಗಾಯಕ್ಕೆ ಡಿ ಮತ್ತು ತೊಡಕಿಗೆ ಎ ಅಕ್ಕಪಕ್ಕ ಇರಬಹುದು. ಶಸ್ತ್ರಚಿಕಿತ್ಸೆಯ ನಂತರ ಆಯಿತು ಎಂಬ ಒಂದೇ ಕಾರಣಕ್ಕೆ ಅದನ್ನು ಶಸ್ತ್ರಚಿಕಿತ್ಸೆಯ ತೊಡಕು ಎಂದು ನೀವಾಗಿಯೇ ತೀರ್ಮಾನಿಸುವಂತಿಲ್ಲ. ಕಾರ್ಯಕಾರಣ ಸಂಬಂಧವನ್ನು ವೈದ್ಯರೇ ದಾಖಲಿಸಬೇಕು. ಅವರಿಗೆ ಕ್ವೆರಿ (ಸ್ಪಷ್ಟನೆ ಕೇಳುವ ಪ್ರಶ್ನೆ) ಕಳುಹಿಸಿ. “ಇದು ಗ್ರಾಫ್ಟ್‌ನಿಂದ ಆದದ್ದು ಹೌದಲ್ಲವೇ” ಎಂದು ಉತ್ತರವನ್ನು ಬಾಯಿಗಿಡಬೇಡಿ. ವರದಿಯ ಸಾಲನ್ನು ಉಲ್ಲೇಖಿಸಿ, ಹೆಪ್ಪಿನ ಸ್ಥಳ ಮತ್ತು ಕಾರಣವನ್ನು ಸ್ಪಷ್ಟಪಡಿಸಲು ಕೇಳಿ. ಅವರು “ಡಿವಿಟಿ ಇರಬಹುದು” ಎಂದಷ್ಟೇ ಬರೆದಿದ್ದರೆ ಹೊರರೋಗಿ ಭೇಟಿಯಲ್ಲಿ ಅದನ್ನೂ ಕೋಡ್ ಮಾಡುವಂತಿರಲಿಲ್ಲ, ಊತದಂಥ ಲಕ್ಷಣವನ್ನಷ್ಟೇ ಬರೆಯಬೇಕಿತ್ತು.

ಬಿಲ್ಲಿಂಗ್ ಸದಸ್ಯ: ಡಿವಿಟಿ ಹೊಸ ರೋಗ. ಭೇಟಿಗೆ ಮಾಡಿಫೈಯರ್ 24 (ಬಿಲ್ಲಿನ ಸಂಕೇತಕ್ಕೆ ಸೇರಿಸುವ ಎರಡಂಕಿಯ ಗುರುತು) ಹಾಕಿದರೆ ಹಣ ಬರುತ್ತದೆ. ನಾವು ಹಾಗೆಯೇ ಮಾಡುತ್ತೇವೆ.

ಸರ್ಜರಿ ಕೋಡರ್: 24 ಇರುವುದು ಶಸ್ತ್ರಚಿಕಿತ್ಸೆಗೆ ಸಂಬಂಧಿಸದ ಭೇಟಿಗೆ. ಅದೇ ಕಾಲು, ಅದೇ ವೇನ್, ಅದೇ ವೈದ್ಯರು. ಸಂಬಂಧವಿಲ್ಲವೆಂದು ಯಾವ ಬಾಯಲ್ಲಿ ಹೇಳುತ್ತೀರಿ?

ಬಿಲ್ಲಿಂಗ್ ಸದಸ್ಯ: ಪಾಠ ಹೇಳುವ ಮೊದಲು ನಿಮ್ಮ ಡಿನೈಯಲ್‌ಗಳ ಪಟ್ಟಿ (ವಿಮೆಯವರು ತಿರಸ್ಕರಿಸಿದ ಬಿಲ್ಲುಗಳು) ತೋರಿಸಿ.

ಹೊಸ ಕೋಡರ್: ಮೇಡಂ, ಲೆಸ್ಸರ್ ಸಫೀನಸ್‌ಗೂ ಇದೇ ನಿಯಮವೇ?

ಸರ್ಜರಿ ಕೋಡರ್: ನನ್ನ ಪಟ್ಟಿ ಕೇಳಲು ನೀವು ಯಾರು?

ಆಡಿಟರ್: ಇಬ್ಬರೂ ನಿಲ್ಲಿಸಿ. ಮೆಡಿಕೇರ್ ರೋಗಿಯಾದರೆ (ಅಮೆರಿಕ ಸರ್ಕಾರದ ಆರೋಗ್ಯ ವಿಮೆಯವರಾದರೆ), ಮತ್ತೆ ಶಸ್ತ್ರಚಿಕಿತ್ಸಾ ಕೊಠಡಿಗೆ ಒಯ್ಯಬೇಕಾಗದ ತೊಡಕುಗಳ ಆರೈಕೆ ಗ್ಲೋಬಲ್ ಪ್ಯಾಕೇಜಿನೊಳಗೇ ಬರುತ್ತದೆ. ವೇನ್ ಗ್ರಾಫ್ಟ್‌ನ ಬಿಲ್ಲಿಂಗ್ ಸಂಕೇತ 35256ಕ್ಕೆ 90 ದಿನಗಳ ಅವಧಿಯಿದೆ, ಐದನೆಯ ವಾರ ಅದರೊಳಗಿದೆ. ಆದ್ದರಿಂದ ಈ ಭೇಟಿಗೆ 99024, ಅಂದರೆ ಪ್ಯಾಕೇಜಿನಲ್ಲೇ ಸೇರಿದ, ಬೇರೆ ಹಣವಿಲ್ಲದ ಮರುಭೇಟಿ. ಯೋಜನೆಯಿಲ್ಲದೆ ಮತ್ತೆ ಕೊಠಡಿಗೆ ಒಯ್ದು ಹೆಪ್ಪು ತೆಗೆದರೆ ಆ ಕ್ರಿಯೆಗೆ ಮಾಡಿಫೈಯರ್ 78. ಹಣ ಬರುತ್ತದೆಂದು 24 ಹಾಕುವವರು, ಆಡಿಟ್‌ನಲ್ಲಿ ಆ ಹಣ ವಾಪಸು ಹೋಗುವುದನ್ನೂ ಲೆಕ್ಕ ಹಿಡಿಯಲಿ.

ಬಿಲ್ಲಿಂಗ್ ಸದಸ್ಯ: ಖಾಸಗಿ ವಿಮೆಗಳೆಲ್ಲ ಮೆಡಿಕೇರ್ ನಿಯಮವನ್ನೇ ಅನುಸರಿಸುವುದಿಲ್ಲ.

ಆಡಿಟರ್: ಅದಕ್ಕೇ “ಮೆಡಿಕೇರ್ ರೋಗಿಯಾದರೆ” ಎಂದು ಬರೆದದ್ದು. ವಾಕ್ಯವನ್ನು ಮೊದಲಿನಿಂದ ಓದಿ.

ಗುಂಪಿನ ಸದಸ್ಯೆ: ಹಾಗಾದರೆ ಮೂರನೆಯ ಭೇಟಿಗೆ ಎಸ್ ತಾನೇ?

ಆಡಿಟರ್: ಇಲ್ಲ.

ಸರ್ಜರಿ ಕೋಡರ್: ಕ್ವೆರಿಗೆ ಉತ್ತರ ಬಂತು ಮೇಡಂ. ಹೆಪ್ಪು ಗ್ರಾಫ್ಟ್‌ನ ಒಳಗಿದೆ, ಗ್ರಾಫ್ಟ್‌ನಿಂದಲೇ ಆದದ್ದು ಎಂದು ಅಡೆಂಡಮ್ (ಟಿಪ್ಪಣಿಗೆ ಸೇರ್ಪಡೆ) ಬರೆದಿದ್ದಾರೆ.

ಆಡಿಟರ್: ಹಾಗಾದರೆ ಟಿ82.868ಎ ಮೊದಲು, ಎಸ್85.512ಡಿ ನಂತರ. ಅಡೆಂಡಮ್‌ನ ದಿನಾಂಕ ಮತ್ತು ಸಹಿಯನ್ನು ನೋಡಿಕೊಂಡೇ ಕಳುಹಿಸಿ.

ರಾತ್ರಿ ಪಾಳಿ: ಆಗ ಐ82.432 ಅನ್ನೂ ಜೊತೆಗೆ ಉಳಿಸಿಕೊಳ್ಳಬೇಕೇ?

ಬಿಲ್ಲಿಂಗ್ ಸದಸ್ಯ: 24ರ ಬಗ್ಗೆ ನನ್ನ ಮಾತು ಇನ್ನೂ ಮುಗಿದಿಲ್ಲ.